ಸೀಬೆ ಚಿಗುರು

…ಅಲ್ಲ ಕಣವ್ವ ಮಂಗ್ಳಿ, ನಿಮ್ಮವ್ವಂಗೆ ಬಂದಿದ್ದು ಎದೆನೋವು ಅಂತ ಎಷ್ಟು ಕಿತ ಯೋಳ್ಲಿ? ಮದ್ದೂರು ಮುಟ್ಟೋ ಒತ್ಗೆ ಉಸ್ರೇ ಇರ್ಲಿಲ್ಲ. ಬಸ್ಸಿನ ಸೀಟಲ್ಲಿ, ನನ್ನ ತೊಡೆ ಮೇಲೇ… ಎದೆನೋವು ಅಂತ ನಾನಂದೆ, ಡಾಕ್ಟ್ರು ಬರ್ಕೊಂಡ್ರು. ಯಾಕಂಗೆ ನೋಡ್ತೀಯ?

ಊಂ, ಊರೋರು ನನ್ನ ಎಸ್ರಿಡ್ದೇ ಅಂದ್ರು. "ಬೋರಣ್ಣನ ಮಗಳು ಸಾಕಿದ್ ಕಡ್ಡಿಉಳದ ವಿಷ" ಅಂದ್ರು. ನಾನು ಸುಮ್ಕಿದ್ದೆ. "ನಾನೇ ಅವ್ವನ್ನ ಕೊಂದೆ" ಅಂತ ಮೂರು ದಿನದಿಂದ ನೀನು ಗೋಡೆಗೆ ತಲೆ ಚಚ್ಕೊತಿದ್ರೂ ಸುಮ್ಕೇ ಇದ್ದೆ…

ಅದೇನು ಉಳ ಅಂತ ನೀನು ಸಾಕ್ದೆ, ಒಣಕಡ್ಡಿಗೆ ಕಾಲು ಬಂದಂಗೆ! ನಿಮ್ ಸ್ಕೂಲಿನ ತಿರುನಾರಾಯಣ ಮೇಷ್ಟ್ರು ಸಾಸಿವೆಯಂಗಿದ್ದ ನಾಕು ಮೊಟ್ಟೆ ಕೊಟ್ರು. ಅವುಕ್ಕೆ ಮೇವು ಅಂತ ಡಾಲ್ಡಾ ಡಬ್ಬದಲ್ಲಿ ಸೀಬೆ ಸಸಿ ಬೆಳೆಸ್ದೆ. ಒಂದಲ್ಲ, ಎರಡಲ್ಲ, ಇಡೀ ಜಗಲಿ! ದೊಡ್ಡಿ ಸಕ್ಕರೆ ಫ್ಯಾಕ್ಟ್ರಿಲಿ ಕೆಲ್ಸ ಇರೋ ಗಂಡು ಎಣ್ಣು ನೋಡಕ್ಕೆ ಬಂದೋನು, ತನ್ನ ಪಂಚೆ ಮೇಲೆ ಕಡ್ಡಿ ನಡೆಯೋದ್ನ ಕಂಡು ಎದ್ದೋದ… ನಗ್ತೀಯಾ? ಆವತ್ತೂ ಇಂಗೇ ನಕ್ಕೆ. ನನ್ನ ಮಾನ ಓಯ್ತು ಕಣವ್ವ!

ನಿಮ್ಮವ್ವನೂ ನಿನ್ನ ಕಡೀಕೇ. "ಓದೋ ಮಗ, ಬುಡಿ ಅತ್ಲಾಗೆ" ಅನ್ನೋಳು. ನೀನು ಸ್ಕೂಲಿಗೆ ಓದ್ಮೇಲೆ ಗಿಡಕ್ಕೆ ನೀರು ಉಯ್ತಿದ್ದೋಳು ಯಾರು? ಅವ್ಳೇ.

ಸಾಯೋ ದಿನ ಅಲ್ಲುನೋವು ಅಂದ್ಲು. ಲವಂಗ ತತ್ತೀನಿ ಅಂತ ಅಂಗಡಿಗೆ ಓದೆ. ಬಂದು ನೋಡ್ತೀನಿ, ಜಗಲಿ ಮೇಲೆ ಕೂತ್ಕೊಂಡು, ನೋವಿಗೆ ಆಯ್ತದೆ ಅಂತ ಒಂದಿಡಿ ಸೀಬೆ ಚಿಗುರು ಅಗೀತಾ ಅವ್ಳೆ. "ಉಗಿಯೇ!" ಅಂದೆ. ಕೂಗ್ದೆ. "ಉಗಿಯೇ, ಉಗಿಯೇ!" ಬಾಯೊಳ್ಗೆ ಬೆಳ್ಳು ಆಕ್ದೆ… ನುಂಗ್ಬುಟ್ಟಿದ್ಲು…

…ಯಾಕವ್ವ? ಉಗಿ ಅಂತ ಯಾಕಂದೆ ಅಂತಾನಾ? ಅದು… ಉಳ ಓಡಾಡಿರೋ ಎಲೆ ಅಂತ… ಉಳ ಏನು, ಆಗ್ಲೇ ಸತ್ತು ಉದುರಿದ್ವು… ಅಲ್ಲ, ಅಂದ್ರೆ…

ಮಾತಾಡವ್ವ. ಬಯ್ಯಿ. ಇಂಗೆ ನೋಡ್ಬ್ಯಾಡ.

…ಗದ್ದೆಗೆ ಒಡೆಯೋ ಔಸ್ದಿ. ನೀರೂ ಬೆರೆಸ್ಲಿಲ್ಲ. ಬಟ್ಟೇಲಿ ಅದ್ದಿ, ಒಂದೊಂದು ಎಲೆಗೂ ಸವರ್ದೆ. ಉಳಕ್ಕೆ ಕಣವ್ವ… ಬರೀ ಉಳಕ್ಕೆ ಅಂತ…

ಮಂಗ್ಳೀ?