ಮಾವನ ಹಳೇ ಕಾರು

ಬಸ್ಸಿನ ಸಾಲಿನಲ್ಲಿ ನನ್ನ ಮುಂದೆ ಗಂಡ ಹೆಂಡತಿ ನಿಂತಿದ್ದರು. ಹೆಂಡತಿಯ ತಂದೆ ತಮ್ಮ ಹಳೆಯ ಸಣ್ಣ ಕಾರನ್ನು ಇವರಿಗೇ ಮಾರುವವರಿದ್ದಾರೆ, ಇವರು ಅದನ್ನು ನೋಡಲು ಹೊರಟಿದ್ದಾರೆ ಎಂಬುದು ಮಾತಿನಲ್ಲೇ ತಿಳಿಯಿತು.

"ಎಂಜಿನ್ ತಣ್ಣಗಿರೋವಾಗಲೇ ಸ್ಟಾರ್ಟ್ ಮಾಡಿ ನೋಡ್ಬೇಕು," ಎಂದ ಗಂಡ. "ನೀಲಿ ಹೊಗೆ ಬಂದ್ರೆ ಆಯಿಲ್ ಕುಡೀತಿದೆ ಅಂತ ಅರ್ಥ."

"ಕುಡೀಲಿ ಬಿಡಿ."

"ಕಾರ್ಪೆಟ್ ಎತ್ತಿ ಅಡಿಯಲ್ಲಿ ತುಕ್ಕು ಹಿಡಿದಿದ್ಯಾ ನೋಡ್ಬೇಕು."

"ಅಪ್ಪನ ಎದುರಿಗಾ? ಬೇಡ."

"ಕ್ಲಚ್ ಅಂತೂ ಸವೆದಿರುತ್ತೆ. ಮಾವ ಯಾವಾಗ್ಲೂ ಅದರ ಮೇಲೇ ಕಾಲಿಟ್ಟಿರ್ತಾರೆ."

"ಹೊಸದು ಹಾಕಿಸೋಣ."

"ಎಡಗಡೆ ಬಾಗಿಲಿಗೆ ಮಾತ್ರ ಹೊಸ ಪೇಂಟ್ ಇದೆ. ಎಲ್ಲೋ ಗುದ್ದಿದಾರೆ."

"ಗೇಟಿನ ಕಂಬಕ್ಕೆ."

"ಯಾರ ಮನೆ ಗೇಟು?"

"ಅವರದ್ದೇ. ಕಂಬ ಕಾಣ್ಲಿಲ್ಲವಂತೆ."

ಗಂಡ ಅವಳ ಕಡೆ ತಿರುಗಿದ.

"ಕಣ್ಣಿನ ಡಾಕ್ಟ್ರು ಏನಂದ್ರು?"

"ಇನ್ನು ಕಾರು ಓಡಿಸಲೇಬಾರದು ಅಂದ್ರು. ಅಪ್ಪ ಡಾಕ್ಟ್ರನ್ನೇ ಬದಲಾಯಿಸಿದ್ರು. ನಾನು ಕಾಡಿ ಬೇಡಿದ್ಮೇಲೆ ಕೊಡೋಕೆ ಒಪ್ಪಿದಾರೆ. ನೀವು ಅಲ್ಲಿ ಹುಳುಕು ತೆಗೆದ್ರೆ, ಬೇಡಾದ್ರೆ ಬಿಡಿ ಅಂತ ತಾವೇ ಹತ್ತಿ ಕೂತ್ಕೋತಾರೆ."

"ಹಾಗಾದ್ರೆ ನಾನು ಬಂದು ನೋಡೋದಾದ್ರೂ ಏನು?"

"ನೋಡಿ ಹೊಗಳಿ. ಆಮೇಲೆ ಕೀ ಎರಡನ್ನೂ ಕೇಳಿ ಇಸ್ಕೊಳ್ಳಿ. ಒಂದೇ ಇರೋದು ಅಂತಾರೆ, ನಂಬಬೇಡಿ."

ಬಸ್ಸು ಬಂತು. ಮೆಟ್ಟಿಲು ಹತ್ತುತ್ತಾ ಗಂಡ, "ಒಳ್ಳೇ ಗಾಡಿ ಮಾವ, ಒಳ್ಳೇ ಗಾಡಿ," ಎಂದು ತನ್ನಷ್ಟಕ್ಕೆ ಹೇಳಿಕೊಂಡ.

"ಸ್ವಲ್ಪ ನಗ್ತಾ ಹೇಳಿ," ಎಂದಳು ಹೆಂಡತಿ.