ಮೂರನೇ ದರ್ಜೆಗೆ ಇಳಿದವರು

ನಮ್ಮ ಗಣಿಯೂರಿನ ಫುಟ್‌ಬಾಲ್ ತಂಡ ಎರಡನೇ ದರ್ಜೆಯ ಲೀಗಿನಿಂದ ಕೆಳಗಿಳಿಯುವುದು ಹಿಂದಿನ ವಾರವೇ ಖಚಿತವಾಗಿತ್ತು. ಕೊನೆಯ ಪಂದ್ಯದ ದಿನ ಟ್ರಾಮಿನಲ್ಲಿ ನನ್ನೆದುರು ನಮ್ಮ ಬೀದಿಯ ರೋಸ್ವಿಟಾ ಮತ್ತು ಅವಳ ತಮ್ಮ ಎಕ್‌ಹಾರ್ಟ್ ಕೂತಿದ್ದರು. ಮೇ ತಿಂಗಳ ಬಿಸಿಲಲ್ಲೂ ಅವಳ ಕೊರಳಲ್ಲಿ ತಂಡದ ಉಣ್ಣೆಯ ಶಾಲು.

"ಮುಳುಗಿಹೋದ ತಂಡ ಅಕ್ಕಾ. ಇನ್ನೇನ್ ನೋಡೋಕೆ ಹೋಗ್ತೀಯ?"

"ಆಟ ನೋಡೋಕೆ."

"ಗೆದ್ರೂ ಏನೂ ಬದಲಾಗಲ್ಲ."

"ಗಣಿ ಮುಚ್ಚಿದ್ಮೇಲೆ ನೀನು ವರ್ಷಗಟ್ಲೆ ಮನೇಲಿ ಕೂತಿದ್ಯಲ್ಲ, ಆಗ ನಿನ್ನನ್ನ ಭಾನುವಾರದ ಊಟಕ್ಕೆ ಕರೀದೆ ಬಿಟ್ನಾ?"

ಅವನು ಕಿಟಕಿಯ ಕಡೆ ತಿರುಗಿದ.

"ಜನ ನಗ್ತಾರೆ."

"ನಗ್ಲಿ. ಅವರ ನಗು ಕೇಳಿಸ್ದೇ ಇರೋ ಹಾಗೆ ಹಾಡ್ತೀವಿ."

ಕ್ರೀಡಾಂಗಣದ ನಿಲ್ದಾಣ ಬಂತು. ಅವಳು ಎದ್ದಳು.

"ನೀನು ಮನೆಗೆ ಹೋಗು."

"ಒಬ್ನೇ ಹೋಗಿ ಏನ್ಮಾಡ್ಲಿ?" ಎಂದು ಗೊಣಗುತ್ತ ಅವನೂ ಇಳಿದ.

"ಹಾಗಾದ್ರೆ ಈಗ್ಲೇ ಹಾಡೋಕೆ ಶುರು ಮಾಡು," ಎಂದಳು ಅವಳು, "ನಿನ್ನ ಗಂಟಲು ಬಿಡೋಕೆ ಹೊತ್ತು ಬೇಕು."