ಪ್ರಾರ್ಥನೆಯ ಬಾಗಿಲು

ಫ್ಲಾರೆನ್ಸಿನ ಹಳೆಯ ಚರ್ಚಿನೆದುರು ಹೂ ಮಾರುತ್ತಿದ್ದ ಲಾಪೋಗೆ, ಪ್ರಾರ್ಥನೆಗೆ ಬರುವವರಿಗೆಂದು ಇಟ್ಟಿದ್ದ ಪಕ್ಕದ ಬಾಗಿಲಿನ ಜಗಳ ಚೆನ್ನಾಗಿ ಕೇಳಿಸುತ್ತಿತ್ತು. ಮೇಣದಬತ್ತಿ ಹಿಡಿದು ಬಂದ ಮುದುಕಿಯೊಬ್ಬಳನ್ನು ಕಾವಲುಗಾರ ತಡೆದಿದ್ದ.

“ಪಾಸ್ ತೋರಿಸಿ, ಅಮ್ಮಾ.”

“ಯಾವ ಪಾಸು? ಒಳಗೆ ತೀರಿಹೋದ ನನ್ನ ಗಂಡ ಓರೆಸ್ತೆ ಹೆಸರಲ್ಲಿ ಪಾದ್ರಿಗಳು ಬಲಿಪೂಜೆ ಶುರುಮಾಡಿದಾರೆ. ನಾನು ಪ್ರಾರ್ಥನೆಗೆ ಬಂದೋಳು.”

“ಎಲ್ಲರೂ ಹಾಗೇ ಅಂತಾರೆ. ಪ್ರಾರ್ಥನೆ ಅಂದ್ರೆ ಸಾಲಲ್ಲಿ ನಿಲ್ಲೋದು ತಪ್ಪುತ್ತೆ ಅಂತ ಪ್ರವಾಸಿಗರೂ ಕಲ್ತ್ಕೊಂಡಿದಾರೆ.”

“ಮತ್ತೆ ಈ ಚಡ್ಡಿ ಹಾಕ್ಕೊಂಡಿರೋ ಪ್ರವಾಸಿಗರನ್ನ ಬಿಡ್ತಿದೀಯಲ್ಲಯ್ಯಾ!”

“ಅವರ ಹತ್ರ ದುಡ್ಡು ಕೊಟ್ಟು ತಗೊಂಡ ಪಾಸಿದೆ.”

“ನಾನು ಮದುವೆಯಾಗಿದ್ದೇ ಇಲ್ಲಿ ಕಣೋ!”

“ಊರಿನೋರಿಗೆ ಪಾಸ್ ಬೇಡ, ಸರಿ. ಆದ್ರೆ ನೀವು ಈ ಊರಿನೋರು ಅಂತ ನಂಗೆ ಹೇಗೆ ಗೊತ್ತಾಗ್ಬೇಕು?”

ಮುದುಕಿಗೆ ಪಿತ್ತ ನೆತ್ತಿಗೇರಿತು. ಕಾವಲುಗಾರನ ವಂಶದಿಂದ ಶುರುಮಾಡಿ, ಮೇರಿಮಾತೆಯನ್ನೂ ಬಿಡದೆ, ಸಾಲಿನ ಕೊನೆಯವರೆಗೆ ಕೇಳುವಂತೆ ಬೈದಳು. ದೇವರನ್ನೇ ಹಿಡಿದು ಅಷ್ಟು ಸರಾಗವಾಗಿ ಬೈಯುವುದು ಆ ಸೀಮೆಯವರಿಗೆ ಮಾತ್ರ ಬರುತ್ತದೆ.

ಕಾವಲುಗಾರ ಅಡ್ಡಹಗ್ಗ ಸರಿಸಿದ. “ಹೋಗಿ ಅಮ್ಮಾ, ನೀವು ಇಲ್ಲಿಯೋರೇ.”

ಅವಳು ಹೊಸ್ತಿಲು ದಾಟಿ ತಿರುಗಿದಳು. “ತಂದಿರೋದು ಒಂದೇ ಬತ್ತಿ! ಇದನ್ನ ಈಗ ಓರೆಸ್ತೆಗೆ ಹಚ್ಚಲೋ, ನೀನು ಬೈಸಿದ ಪಾಪಕ್ಕೆ ಹಚ್ಚಲೋ?”